ಊರು ತೊಮಾಸಾಗೆ ಗೊತ್ತು

ಪಿಯೆದ್ರಾ ಮಾನ್ಸಾ,
ಆಗಸ್ಟ್ ಹನ್ನೊಂದು, 1998

ಕಾಂದೇಲಾ,

ಬರೀ ಹೆಸರು ಬರೆದು ನಿಲ್ಲಿಸಿದ್ದೇನೆ. ಅದಕ್ಕೂ ಮೊದಲು ಪ್ರೀತಿಯ ಎಂದು ಸೇರಿಸಲೋ, ಗೌರವಾನ್ವಿತ ಎಂದು ಸೇರಿಸಲೋ ತಿಳಿಯದೆ ಬೆಳಿಗ್ಗೆಯಿಂದ ಎರಡು ಹಾಳೆ ಹರಿದು ಹಾಕಿದೆ. ಮೂವತ್ತೇಳು ವರ್ಷ ನಿನ್ನ ತಲೆ ಬಾಚಿದವಳು ನಾನು. ನಾಲ್ಕು ಜನ ಇದ್ದಾಗ 'ಅಮ್ಮಾವ್ರೇ, ನೀವು' ಎನ್ನುತ್ತಿದ್ದೆ. ಮೇಕಪ್ ಕೋಣೆಯ ಬಾಗಿಲು ಹಾಕಿಕೊಂಡ ಮೇಲೆ 'ನೀನು'. ಈಗ ಆ ಬಾಗಿಲು ಹಾಕಿದೆಯೋ ತೆರೆದಿದೆಯೋ ನನಗೆ ಗೊತ್ತಾಗುತ್ತಿಲ್ಲ. ಹಾಕಿದೆ ಎಂದುಕೊಂಡೇ ಬರೆಯುತ್ತೇನೆ.

ಮೊದಲು ಜಗಳ ಮುಗಿಸಿಬಿಡೋಣ. ನೀನು ಯಾಕೆ ಹಾಗೆ ಬರೆಸಿದೆ?

ನೀನು ಹೋದ ಮೇಲಿನ ಒಂಬತ್ತು ದಿನದ ಪ್ರಾರ್ಥನೆ ಮುಗಿದ ಮಾರನೆಯ ದಿನ ವಕೀಲ ಕೀರೋಸ್ ನಮ್ಮನ್ನೆಲ್ಲ ನಿನ್ನ ಮನೆಯ ಊಟದ ಕೋಣೆಯಲ್ಲಿ ಕೂರಿಸಿ ಉಯಿಲು ಓದಿದರು. ಮನೆ ಮುದಿ ವಾದ್ಯಗಾರರ ಆಶ್ರಮಕ್ಕೆ. ಕಸೂತಿಯ ಲಂಗಗಳು ನೃತ್ಯಶಾಲೆಗೆ. ನಾಯಿ ಡ್ರೈವರಿಗೆ. ಅವನು ಅದನ್ನು ಕೇಳಿ ನಾಯಿಗಿಂತ ಜೋರಾಗಿ ಅತ್ತ. ಆಮೇಲೆ ಕೊನೆಯ ಪುಟ. 'ನನ್ನ ಬೂದಿಯನ್ನು ನಾನು ಹುಟ್ಟಿದ ಊರಿನಲ್ಲಿ ಹೂಳಬೇಕು. ಊರು ತೊಮಾಸಾಗೆ ಗೊತ್ತು.' ಅಷ್ಟೇ. ಕೆಳಗೆ ನಿನ್ನ ಸಹಿ, ಆ ದೊಡ್ಡ ಬಾಲದ ಸಹಿ.

ಎಲ್ಲರ ಮುಖ ನನ್ನ ಕಡೆ ತಿರುಗಿತು.

"ಹೇಳಿ ತೊಮಾಸಾ" ಎಂದರು ವಕೀಲರು.

"ನನಗೆ ಗೊತ್ತಿಲ್ಲ" ಎಂದೆ.

"ಎಲ್ಲರ ಮುಂದೆ ಬೇಡ ಅಂದ್ರೆ ಆಮೇಲೆ ಹೇಳಿ. ಅವಸರ ಏನಿಲ್ಲ."

"ಆಮೇಲೂ ಗೊತ್ತಿರಲ್ಲ ವಕೀಲರೇ."

ಅವರು ಕನ್ನಡಕ ತೆಗೆದು ನಕ್ಕರು. ನಂಬಲಿಲ್ಲ. ಯಾರೂ ನಂಬಲಿಲ್ಲ. ತಲೆಯ ಒಂದೊಂದು ಸುಳಿಯೂ ಗೊತ್ತಿದ್ದವಳಿಗೆ ಊರು ಗೊತ್ತಿಲ್ಲವೆಂದರೆ ಯಾರು ತಾನೇ ನಂಬುತ್ತಾರೆ? ಅವತ್ತು ಸಂಜೆಯ ರೇಡಿಯೋದಲ್ಲಿ 'ಗುಟ್ಟು ಬಿಟ್ಟುಕೊಡದ ನಿಷ್ಠಾವಂತ ಸೇವಕಿ' ಎಂದು ನನ್ನ ಬಗ್ಗೆ ಹೇಳಿದರು. ಜೀವನದಲ್ಲಿ ಮೊದಲ ಸಲ ನನ್ನ ಹೆಸರು ರೇಡಿಯೋದಲ್ಲಿ ಬಂತು, ಅದೂ ಸುಳ್ಳು ಕಾರಣಕ್ಕೆ. ನಿನ್ನ ಐವತ್ತೆರಡು ಚಿತ್ರಗಳಲ್ಲಿ ಒಂದರ ಹೆಸರುಪಟ್ಟಿಯಲ್ಲೂ ನಾನು ಇರಲಿಲ್ಲವಲ್ಲ.

ಸಾವಿನ ದಿನದ್ದನ್ನೂ ಹೇಳಬೇಕು. ನಿನಗೆ ಇಂಥದ್ದು ಕೇಳುವುದು ಇಷ್ಟ. ಥಿಯೇಟರಿನ ವೇದಿಕೆಯ ಮೇಲೆ ನಿನ್ನನ್ನು ಮಲಗಿಸಿದ್ದರು. ಸಾಲು ಉದ್ಯಾನವನ್ನು ಸುತ್ತಿಕೊಂಡು ಅಂಚೆ ಕಚೇರಿಯ ತನಕ ಹೋಗಿತ್ತು. ಮಾಂಸದಂಗಡಿಯವನೊಬ್ಬ ಏಪ್ರನ್ ಬಿಚ್ಚದೆ ಹಾಗೇ ಬಂದಿದ್ದ. ಗಂಡ ಬಿಟ್ಟು ಹೋದವರು, ಗಂಡನನ್ನು ಬಿಟ್ಟು ಬಂದವರು, ಮಾರುಕಟ್ಟೆಯ ಹೂವಿನವರು, ಮೂರು ತಲೆಮಾರು ಒಟ್ಟೊಟ್ಟಿಗೆ. ಯಾರೋ ಒಬ್ಬರು ನಿನ್ನ ಆ ಹಾಡು ಎತ್ತಿಕೊಂಡರು, 'ಹೋಗುವವನು ಬಾಗಿಲು ಹಾಕಿಕೊಂಡು ಹೋಗಲಿ, ಧೂಳು ಬರುತ್ತೆ' ಎನ್ನುವುದು. ಸಾಲು ಪೂರ್ತಿ ಹಾಡಿತು. ಶೋಕದ ಸಭೆಯಲ್ಲಿ ಜನ ನಕ್ಕು ಹಾಡಿದ್ದನ್ನು ನಾನು ಮೊದಲು ನೋಡಿರಲಿಲ್ಲ. ಹೂವಿನ ಮುದುಕಿಯೊಬ್ಬಳು ನಿನ್ನ ಮುಖ ನೋಡಿ ನನ್ನ ಕಡೆ ತಿರುಗಿ, "ಜಡೆ ಯಾರಮ್ಮ ಹಾಕಿದ್ದು? ಬಲಗಡೆ ಸಡಿಲ ಆಗಿದೆ" ಎಂದಳು. ನಾನೇ ಹಾಕಿದ್ದು. ಅಲ್ಲೇ, ಅವಳ ಎದುರಿಗೇ, ಬಿಚ್ಚಿ ಮತ್ತೆ ಹಾಕಿದೆ. ಸಾಲು ನಿಂತು ಕಾಯಿತು.

ಮುಂದಿನ ಕಥೆ ಬೇರೆ. ಉಯಿಲಿನ ಸುದ್ದಿ ಹೊರಗೆ ಬಿದ್ದ ಮೇಲೆ ಎರಡು ಊರುಗಳು ನನ್ನ ಬೆನ್ನು ಹತ್ತಿದವು. ಲಾ ನೊರಿಯಾದ ಪಾದ್ರಿ ಫೋನ್ ಮಾಡಿ, ತಮ್ಮ ಚರ್ಚಿನ ನಾಮಕರಣದ ಪುಸ್ತಕದಲ್ಲಿ ಕಾಂದೇಲಾರಿಯಾ ಎಂಬ ಹೆಣ್ಣುಮಗುವಿನ ಹೆಸರಿದೆ ಎಂದರು. ಆ ಹೆಸರು ಯಾವ ಚರ್ಚಿನ ಪುಸ್ತಕದಲ್ಲಿಲ್ಲ ಹೇಳು. ಸಾನ್ ಹಾಸಿಂತೋ ಪುರಸಭೆಯ ಅಧ್ಯಕ್ಷ ಎಲಿಹಿಯೋ ಮೊಂತಾನೋ ಫೋನ್ ಮಾಡಲಿಲ್ಲ. ಎತ್ತಿನ ಗಾಡಿಯ ಚಕ್ರದಷ್ಟು ದೊಡ್ಡ ಗಿಣ್ಣು ಹೊತ್ತುಕೊಂಡು ಖುದ್ದಾಗಿ ಬಂದರು.

"ಇಡೀ ದೇಶಕ್ಕೆ ಗೊತ್ತಿರೋದನ್ನ ನೀವು ಬಾಯಿಬಿಟ್ಟು ಹೇಳಿದ್ರೆ ಸಾಕು ತೊಮಾಸಾಮ್ಮ. ಪ್ರತಿಮೆ ಆಗಲೇ ಎರಕ ಹೊಯ್ದಾಗಿದೆ. ಕುದುರೆ ಸಮೇತ."

"ಕುದುರೆ ಅವಳಿಗೆ ಆಗ್ತಿರಲಿಲ್ಲ. ಹತ್ತಿದ್ರೆ ಸೊಂಟ ನೋಯುತ್ತೆ ಅಂತಿದ್ಲು."

"ಕಂಚಿನ ಕುದುರೆ ಅಲ್ವಾ, ಕುಲುಕಲ್ಲ" ಎಂದರು.

ಅವರು ಹೇಳುವುದರಲ್ಲಿ ತಪ್ಪೇನೂ ಇರಲಿಲ್ಲ. ಸಾನ್ ಹಾಸಿಂತೋದ ಜಮೀನ್ದಾರನ ಮಗಳು, ನಡೆಯುವ ಮೊದಲೇ ಬಿಳಿ ಕುದುರೆ ಹತ್ತಿದವಳು ಎಂದು ನೀನೇ ನೂರು ಸಂದರ್ಶನಗಳಲ್ಲಿ ಹೇಳಿದ್ದೆ. ಅರವತ್ತೊಂದನೇ ಇಸವಿಯಲ್ಲಿ, ಹತ್ತೊಂಬತ್ತು ವರ್ಷದ ನಾನು ಬಾಚಣಿಗೆ ಹಿಡಿದು ನಿನ್ನ ಹಿಂದೆ ಮೊದಲ ಸಲ ನಿಂತಾಗ ನನಗೂ ಅದನ್ನೇ ಹೇಳಿದೆ. ನಾನು ನಂಬಿದೆ. ಆದರೆ ಐದಾರು ವರ್ಷದ ನಂತರ ವೆರಾಕ್ರೂಸಿನ ಹೋಟೆಲಿನಲ್ಲಿ, ಹೊಟ್ಟೆಯ ಮಗು ಉಳಿಯಲಿಲ್ಲ ಎಂದು ಡಾಕ್ಟರು ಹೇಳಿ ಹೋದ ಮಧ್ಯಾಹ್ನ, ಗೋಡೆ ಕಡೆ ಮುಖ ಮಾಡಿ ಮಲಗಿಕೊಂಡು, "ನಾನು ರೈಲಿನಲ್ಲಿ ಹುಟ್ಟಿದವಳು ತೊಮಾ. ಅದಕ್ಕೇ ನನ್ನ ಹತ್ರ ಏನೂ ನಿಲ್ಲಲ್ಲ" ಎಂದೆ. ನೋವಿನಲ್ಲಿ ಆಡಿದ ಮಾತು ಎಂದು ನಾನು ಕೆದಕಲಿಲ್ಲ. ಈ ಜನವರಿಯಲ್ಲಿ ಆಸ್ಪತ್ರೆಯಲ್ಲಿ ಮೂರನೆಯ ಮಾತು. ಜ್ವರ ಏರಿತ್ತು. ಒದ್ದೆ ಬಟ್ಟೆಯಿಂದ ನಿನ್ನ ನೆತ್ತಿ ಒರೆಸುತ್ತಿದ್ದೆ. "ನಮ್ಮಮ್ಮ ಕಾಲುವೆ ಹತ್ರ ಬಟ್ಟೆ ಒಗೀತಿದ್ಲು. ಎಡಗಡೆಯಿಂದ ಮೂರನೇ ಕಲ್ಲು. ಸಾಬೂನನ್ನ ಜೋಳದ ಸಿಪ್ಪೆಲಿ ಸುತ್ತಿ ಇಡ್ತಿದ್ಲು. ನಾನು ನೀರವಂಜಿ ಮರದ ಕೆಳಗೆ ಕೂತಿರ್ತಿದ್ದೆ, ಎಲೆ ನೀರಿಗೆ ತಾಗ್ತಿತ್ತು" ಎಂದು ಕಣ್ಣು ಮುಚ್ಚಿಕೊಂಡೇ ಹೇಳಿದೆ. ನಾನು ಹೂಂಗುಟ್ಟುತ್ತ ನೆತ್ತಿ ಒರೆಸಿದೆ. ಎಂಥ ಮಬ್ಬು ಕವಿದಿತ್ತೋ ನನಗೆ.

ಹೀಗೆ ಮೂರು ಮಾತು ಇಟ್ಟುಕೊಂಡು ಮಾರ್ಚ್ ಕಳೆಯಿತು. ನಿನ್ನ ಬೂದಿ ಮರದ ಪೆಟ್ಟಿಗೆಯಲ್ಲಿ ವಕೀಲರ ಬೀರುವಿನಲ್ಲಿತ್ತು. ಏಪ್ರಿಲಿನಲ್ಲಿ ನಾನೇ ಬಸ್ ಹತ್ತಿ ಸಾನ್ ಹಾಸಿಂತೋಗೆ ಹೋದೆ.

ಅಧ್ಯಕ್ಷರು ಬ್ಯಾಂಡ್ ಸಮೇತ ಬಸ್ ನಿಲ್ದಾಣಕ್ಕೇ ಬಂದಿದ್ದರು. ಪುರಸಭೆಯ ಮಹಡಿಯಲ್ಲಿ ನಿನ್ನ ಹೆಸರಿನ ಸಂಗ್ರಹಾಲಯ ಮಾಡಿದ್ದಾರೆ. ಗಾಜಿನ ಪೆಟ್ಟಿಗೆಯಲ್ಲಿ ನಿನ್ನ ತೊಟ್ಟಿಲು. ಬೆತ್ತದ್ದು, ಒಂದು ಕಡೆ ಮುರಿದದ್ದು. ಅದರ ಮುಂದೆ ಬಗ್ಗಿ ನೋಡಿದಾಗ ನನ್ನ ಕಣ್ಣು ತುಂಬಿತು, ಸುಳ್ಳು ಹೇಳುವುದಿಲ್ಲ. ಸಿಕ್ಕಿತು ಊರು ಎಂದುಕೊಂಡೆ. ಮಧ್ಯಾಹ್ನ ಅಧ್ಯಕ್ಷರು ಊಟದ ನಂತರ ಮಲಗಲು ಹೋದರು. ನಾನು ಚೌಕದಲ್ಲಿ ಒಬ್ಬಳೇ ಕೂತಿದ್ದೆ. ಆಗ ಹಳೆಯ ಸಿನಿಮಾ ಮಂದಿರದ ಹಿಂದಿನ ಮನೆಯ ಬಾಗಿಲಲ್ಲಿ ಕೂತು ಅವರೆಕಾಯಿ ಬಿಡಿಸುತ್ತಿದ್ದ ಮುದುಕರೊಬ್ಬರು ಕೈ ಮಾಡಿ ಕರೆದರು.

"ಜಡೆಯೋಳು ನೀನೇನಾ? ಬಾ ಕೂತ್ಕೋ. ಆ ತೊಟ್ಟಿಲು ತೋರಿಸಿದ್ರಾ?"

"ತೋರಿಸಿದ್ರು."

"ನನ್ನ ಹೆಂಡ್ತಿ ಅದರಲ್ಲಿ ಈರುಳ್ಳಿ ಹಾಕಿಡ್ತಿದ್ಲು. ಅಧ್ಯಕ್ಷರು ಕೇಳಿದ್ರು, ಕೊಟ್ಟೆ. ಸಿಪ್ಪೆ ಝಾಡಿಸಿದ್ರೋ ಇಲ್ವೋ."

ಅವರ ಹೆಸರು ರುತೀಲಿಯೋ. ವಯಸ್ಸು ಎಂಬತ್ತೇಳು. ನಿನ್ನ ಬಾಯಿಂದ ಆ ಹೆಸರನ್ನು ನಾನು ಒಮ್ಮೆಯೂ ಕೇಳಿರಲಿಲ್ಲ ಕಾಂದೇಲಾ. ಆ ಮನೆ ನೀನೇ ಕೊಡಿಸಿದ್ದು ಎಂದು ಅವರು ಹೇಳಿದಾಗ ಅದನ್ನೂ ನಾನು ಮೊದಲ ಸಲ ಕೇಳುತ್ತಿದ್ದೆ. ಅವರು ಡೇರೆ ಕಂಪನಿಯ ಕೋಡಂಗಿ. ಊರೂರಿಗೆ ರೈಲಿನಲ್ಲಿ ಹೋಗಿ, ಸ್ಟೇಷನ್ನಿನ ಬಯಲಲ್ಲಿ ಡೇರೆ ಹಾಕಿ, ಹಾಡು ಹಾಸ್ಯ ಕುಣಿತ ಎಲ್ಲ ಮಾಡುವ ಕಂಪನಿ. ಅವರ ಹೆಂಡತಿ ಟಿಕೆಟ್ ಕೊಡುತ್ತಿದ್ದರಂತೆ.

"ಒಂದಿನ ಆಟ ಶುರುವಾಗೋ ಹೊತ್ತಿಗೆ ಒಬ್ಳು ಹೆಂಗಸು ಬಂದ್ಲು. ಟಿಕೆಟ್ ಪೆಟ್ಟಿಗೆ ಮೇಲೆ ಮಗೂನ ಕೂರಿಸಿ, 'ಸ್ವಲ್ಪ ನೋಡ್ಕೊಳ್ಳಿ, ತೊರ್ತಿಯಾ ರೊಟ್ಟಿ ತಗೊಂಡು ಬಂದ್ಬಿಡ್ತೀನಿ' ಅಂದ್ಲಂತೆ. ನಾಲ್ಕು ವರ್ಷ ಇರಬಹುದು ಮಗೂಗೆ. ಆಟ ಮುಗೀತು. ಅವಳು ಬರಲಿಲ್ಲ. ಎರಡು ದಿನ ಕಾದ್ವಿ. ಮುಂದಿನ ಊರಿಗೆ ರೈಲು ಬಂತು. ಏನ್ ಮಾಡೋದು ಹೇಳು."

"ಯಾವ ಊರು ಅದು?"

"ಅದನ್ನೇ ಅವಳೂ ಕೇಳ್ತಿದ್ದದ್ದು. ಆ ವರ್ಷ ನಲವತ್ತು ಊರು ಸುತ್ತಿದೀವಿ. ನನಗೆ ಎಲ್ಲಾ ಸ್ಟೇಷನ್ನೂ ಒಂದೇ. ಒಂದು ನೀರಿನ ತೊಟ್ಟಿ, ನಾಲ್ಕು ನಾಯಿ. ನನ್ನ ಹೆಂಡ್ತಿಗೆ ನೆನಪಿತ್ತೋ ಏನೋ, ಅವಳು ಬೇಗ ಹೋದ್ಲು."

ಮುದುಕರು ಅವರೆ ಬಿಡಿಸುವುದನ್ನು ನಿಲ್ಲಿಸಲಿಲ್ಲ. ದಿನಾ ಮಲಗುವ ಮೊದಲು ನೀನು ಕೇಳುತ್ತಿದ್ದೆಯಂತೆ, ನನ್ನ ಊರು ಯಾವುದು ಎಂದು. ಅವರು ಅವತ್ತು ಡೇರೆ ಎಲ್ಲಿದೆಯೋ ಆ ಊರಿನ ಹೆಸರು ಹೇಳುತ್ತಿದ್ದರಂತೆ. "ಇದೇ ನಿನ್ನ ಊರು, ನಾಳೆ ಇವರ ಮುಂದೆ ಚೆನ್ನಾಗಿ ಹಾಡು ಅಂತಿದ್ದೆ. ಮಗು ಹಾಗೇ ಹಾಡ್ತಿತ್ತು, ತನ್ನೂರಿನ ಜನ ಅಂತ ತಿಳ್ಕೊಂಡು. ಜನಕ್ಕೂ ಹಾಗೇ ಅನ್ನಿಸ್ತಿತ್ತು. ನಾನು ಮಾಡಿದ್ದು ತಪ್ಪೇನೋ. ಮಗು ನಿದ್ದೆ ಮಾಡ್ಲಿ ಅಂತ ಮಾಡಿದೆ." ಎಲ್ಲೂ ಡೇರೆ ಇಲ್ಲದೆ ಪ್ರಯಾಣದಲ್ಲಿ ಇದ್ದಾಗ, ನೀನು ರೈಲಿನಲ್ಲಿ ಹುಟ್ಟಿದ್ದು ಎನ್ನುತ್ತಿದ್ದರಂತೆ.

ಸಾನ್ ಹಾಸಿಂತೋ ಹೇಗೆ ಬಂತು ಎಂದು ಕೇಳಿದೆ. ಅದು ನಿನ್ನ ಎರಡನೆಯ ಚಿತ್ರದ ಶೂಟಿಂಗ್ ನಡೆದ ಊರಂತೆ. ಅಲ್ಲಿನ ಜಮೀನ್ದಾರ ಮಕ್ಕಳಿಲ್ಲದ ವಿಧುರ. ನೀನು ನೇರ ಹೋಗಿ, 'ಪತ್ರಿಕೆಯವರು ಅಪ್ಪ ಅಮ್ಮ ಕೇಳ್ತಿದ್ದಾರೆ, ನಿಮ್ಮ ಮಗಳು ಅಂತ ಹೇಳಬಹುದಾ' ಎಂದು ಅನುಮತಿ ಕೇಳಿದೆಯಂತೆ. ಅವನು ಟೋಪಿ ತೆಗೆದು, 'ಹೇಳಮ್ಮ, ನನಗೂ ಒಂದು ಮರ್ಯಾದೆ' ಎಂದನಂತೆ. ನಾನು ನಗಲೋ ಅಳಲೋ ತಿಳಿಯದೆ ಅವರ ಬುಟ್ಟಿಯಿಂದ ಅವರೆ ತೆಗೆದುಕೊಂಡು ಬಿಡಿಸತೊಡಗಿದೆ.

"ಹೋದ ಅಕ್ಟೋಬರಿನಲ್ಲಿ ಬಂದಿದ್ಲು" ಎಂದರು. "ಬಣ್ಣ ಹಚ್ಚಿರಲಿಲ್ಲ. 'ಅಪ್ಪಾ, ಈ ಸಲ ಸುಳ್ಳು ಹೇಳ್ಬೇಡ, ಯಾವೂರು?' ಅಂದ್ಲು. ನಿಜವಾಗ್ಲೂ ನೆನಪಿಲ್ಲ ಮಗಳೇ ಅಂದೆ. ಆಮೇಲೆ, 'ಆಯ್ತು ಬಿಡು, ನಾನೇ ಒಂದು ಆರಿಸ್ಕೋತೀನಿ' ಅಂದ್ಲು."

ನವೆಂಬರಿನಲ್ಲಿ ನೀನು ಉಯಿಲು ಬರೆಸಿದೆ.

ವಾಪಸ್ಸು ಬರುವ ಬಸ್ಸಿನಲ್ಲಿ ನಿನ್ನ ಮೇಲೆ ಎಷ್ಟು ಸಿಟ್ಟು ಬಂತೆಂದರೆ, ಪಕ್ಕದಲ್ಲಿ ಕೂತಿದ್ದ ಹೆಂಗಸು 'ಏನಾದ್ರೂ ಕಳ್ಕೊಂಡ್ರಾ' ಎಂದು ಕೇಳಿದಳು. ಮೂವತ್ತೇಳು ವರ್ಷ! ನಿನ್ನ ಮೊದಲ ಬಿಳಿ ಕೂದಲು ಕಿತ್ತವಳು ನಾನು. ನಿನಗೆ ಊರೇ ಇಲ್ಲ ಎನ್ನುವುದನ್ನು ನನಗೆ ಹೇಳಬಾರದಿತ್ತೇ? ಆಮೇಲೆ ಸಿಟ್ಟಿನ ನಡುವೆಯೇ ಒಂದು ಮಾತು ನೆನಪಾಯಿತು. ಎಡಗಡೆಯಿಂದ ಮೂರನೇ ಕಲ್ಲು.

ಅದು ನನ್ನ ಅಮ್ಮನ ಕಲ್ಲು ಕಾಂದೇಲಾ. ನಮ್ಮ ಪಿಯೆದ್ರಾ ಮಾನ್ಸಾದ ಕಾಲುವೆಯಲ್ಲಿ ಒಬ್ಬೊಬ್ಬ ಹೆಂಗಸಿಗೂ ಒಂದೊಂದು ಕಲ್ಲು. ಸಾಬೂನನ್ನು ಜೋಳದ ಸಿಪ್ಪೆಯಲ್ಲಿ ಸುತ್ತಿಡುತ್ತಿದ್ದವಳು ನನ್ನ ಅಮ್ಮ. ಶೂಟಿಂಗಿಗೆ ಬೆಳಕು ಸಾಲದೆ ಗಂಟೆಗಟ್ಟಲೆ ಕೂತಿರುವಾಗ ನೀನು, "ನಿಮ್ಮೂರಿಂದು ಏನಾದ್ರೂ ಹೇಳು ತೊಮಾ" ಎನ್ನುತ್ತಿದ್ದೆ. ನಾನು ಕೈಗೆ ಕೆಲಸ ಕೊಟ್ಟು ಬಾಯಿಗೂ ಕೊಡುತ್ತಿದ್ದೆ. ಹೇಳಿದ್ದನ್ನೇ ಹೇಳುತ್ತಿದ್ದೆ. ನೀನು 'ಆಮೇಲೆ' ಎನ್ನುತ್ತಿದ್ದೆ. ಹೊತ್ತು ಹೋಗಲಿ ಎಂದು ಕೇಳುತ್ತೀಯೆ ಎಂದುಕೊಂಡಿದ್ದೆ.

ಹಾಗಾದರೆ 'ಊರು ತೊಮಾಸಾಗೆ ಗೊತ್ತು' ಎಂದರೆ ತೊಮಾಸಾಳ ಊರು ಎಂದೇ? ಅಷ್ಟು ಸುಲಭವೇ? ಅಥವಾ ಸಾಯುವ ಹೊತ್ತಿಗೆ ನಿನಗೆ ನಿನ್ನದು ಯಾವುದು, ನನ್ನದು ಯಾವುದು ಎಂಬುದೇ ಕಲಸಿಹೋಗಿತ್ತೇ? ನಾನು ನಿರ್ಧರಿಸಲಾಗಲಿಲ್ಲ. ಯಾಕೆಂದರೆ ಒಂದು ವಿಷಯ ಕೂಡಲಿಲ್ಲ. ನಮ್ಮ ಕಾಲುವೆಯ ಹತ್ತಿರ ನೀರವಂಜಿ ಮರ ಇಲ್ಲ. ಯಾವತ್ತೂ ಇರಲಿಲ್ಲ. ಬಿಸಿಲಲ್ಲಿ ತಲೆ ಸುಡುತ್ತಿತ್ತು ಎಂದು ನಾನೇ ನಿನಗೆ ಎಷ್ಟು ಸಲ ಹೇಳಿದ್ದೆ.

ಇನ್ನೊಂದು ಕಾರಣವೂ ಇತ್ತು. ಅದನ್ನು ಬರೆಯದೆ ಈ ಕಾಗದ ಮುಗಿಸಿದರೆ ನಾನು ಸುಳ್ಳುಗಾತಿ. ಟೆಲಿಗ್ರಾಂ.

ಅಮ್ಮ ಕಣ್ಣಿನ ಪೊರೆ ತೆಗೆಸಿಕೊಳ್ಳಲು ಬಂದು ನಿನ್ನ ಮನೆಯಲ್ಲಿ ಮೂರು ವಾರ ಇದ್ದಳು. ನನಗಿಂತ ನೀನೇ ಅವಳ ಹತ್ತಿರ ಹೆಚ್ಚು ಕೂತಿದ್ದೆ. ಕಣ್ಣಿಗೆ ಪಟ್ಟಿ ಕಟ್ಟಿಕೊಂಡ ಅವಳು ನಿನ್ನ ಕೈ ಹಿಡಿದು ಬಾಯಿ ತುಂಬ ಮಾತಾಡುತ್ತಿದ್ದಳು. ಪಟ್ಟಿ ಬಿಚ್ಚಿದ ದಿನ ನಿನ್ನ ಮುಖ ನೋಡಿ, "ಸಿನಿಮಾದಲ್ಲಿ ದಪ್ಪಗೆ ಕಾಣ್ತೀಯಲ್ಲೇ" ಎಂದಳು. ನೀನು ಅವಳನ್ನು ಅಮ್ಮ ಎಂದು ಕರೆದೆ. ಐದು ವರ್ಷದ ನಂತರ ನಾವು ಗ್ವಾದಲಹಾರಾದಲ್ಲಿದ್ದಾಗ ಅವಳು ತೀರಿಕೊಂಡ ಟೆಲಿಗ್ರಾಂ ಬೆಳಿಗ್ಗೆ ಹನ್ನೊಂದಕ್ಕೆ ನಿನ್ನ ಕೈ ಸೇರಿತು. ನೀನು ಅದನ್ನು ನನಗೆ ಕೊಟ್ಟದ್ದು ಮಾರನೆಯ ಬೆಳಿಗ್ಗೆ, ತಿಂಡಿಯ ಮೇಜಿನ ಮೇಲೆ. ನಾನು ಊರು ತಲುಪುವ ಹೊತ್ತಿಗೆ ಮಣ್ಣಾಗಿತ್ತು. ಹಾಡಿನ ಕಚೇರಿ ಕೆಡುತ್ತೆ ಎಂದು ಬಚ್ಚಿಟ್ಟೆಯಾ ಎಂದು ಕೇಳಿದೆ. ನೀನು, "ನನಗೂ ಒಂದು ದಿನ ಬೇಕಿತ್ತು" ಎಂದೆ. ಅದೆಂಥ ಉತ್ತರ ಎಂದು ನನಗೆ ಮೈಯೆಲ್ಲ ಉರಿಯಿತು. ಆರು ತಿಂಗಳು ನಿನ್ನ ಜಡೆ ಹಾಕಿದೆ, ಮಾತಾಡಲಿಲ್ಲ. ಆಮೇಲೆ ಮಾತಾಡಿದೆ, ಮರೆಯಲಿಲ್ಲ.

ಈಗ ನಿನ್ನನ್ನು ತಂದು ಅವಳ ಊರಿನಲ್ಲಿ ಹೂಳಬೇಕೇ? ನೀನು ನನ್ನಿಂದ ಒಂದು ದಿನ ಕಿತ್ತುಕೊಂಡೆ. ಈಗ ಊರನ್ನೂ ಕೇಳುತ್ತಿದ್ದೀಯಾ? ಬಸ್ಸಿನ ಗಾಜಿಗೆ ಹಣೆ ಒತ್ತಿಕೊಂಡು ಇದನ್ನೇ ಕೇಳಿಕೊಂಡೆ. ಗಾಜು ಬಿಸಿಯಾಗಿತ್ತು.

ಮೇ ತಿಂಗಳಲ್ಲಿ ಇಲ್ಲಿಗೆ ಬಂದೆ. ಪೆಟ್ಟಿಗೆ ತರಲಿಲ್ಲ, ಬರೀ ಕೇಳಲು ಬಂದೆ. ಅಮ್ಮನ ಅಕ್ಕ, ನಮ್ಮ ಲಿಬ್ರಾದಾ ದೊಡ್ಡಮ್ಮ, ಇನ್ನೂ ಗಟ್ಟಿಯಾಗಿದ್ದಾಳೆ. ಎಂಬತ್ತನಾಲ್ಕು. ಬೆಳಿಗ್ಗೆ ಒಲೆ ಹಚ್ಚಿ ಹುರುಳಿಯ ಹೂರಣ ತುಂಬಿದ ದಪ್ಪ ರೊಟ್ಟಿ ಸುಟ್ಟು ಮಾರುತ್ತಾಳೆ. ನಾನು ಒಲೆಯ ಪಕ್ಕ ಕೂತು, ಕಾಲುವೆಯ ಹತ್ತಿರ ಯಾವತ್ತಾದರೂ ನೀರವಂಜಿ ಇತ್ತೇ ಎಂದು ಕೇಳಿದೆ.

"ಇತ್ತಲ್ಲ" ಎಂದಳು, ರೊಟ್ಟಿ ಮಗುಚುತ್ತ. "ದೊಡ್ಡದು. ಕೊಂಬೆ ನೀರಿಗೇ ಬೀಳೋದು. ನೀನು ಹುಟ್ಟೋಕೆ ಎರಡು ವರ್ಷ ಮುಂಚೆ ಪ್ರವಾಹ ಬಂತು ನೋಡು, ಆಗ ಹೋಯ್ತು."

ನನ್ನ ಕೈಯಲ್ಲಿದ್ದ ತಟ್ಟೆ ಕೆಳಗಿಟ್ಟೆ. ನಾನು ಹುಟ್ಟುವ ಮೊದಲೇ ಹೋದ ಮರವನ್ನು ನಾನು ನಿನಗೆ ಹೇಳಿರಲು ಸಾಧ್ಯವಿಲ್ಲ.

"ಇಲ್ಲಿ ಡೇರೆ ಕಂಪನಿ ಬರ್ತಿತ್ತಾ ದೊಡ್ಡಮ್ಮ?"

"ಸ್ಟೇಷನ್ ಹತ್ರ ವರ್ಷಕ್ಕೊಂದು ಬರ್ತಿತ್ತು. ಎಲ್ಲಾ ಕಡೇನೂ ಬರ್ತಿತ್ತು."

"ಯಾರಾದ್ರೂ ಹೆಂಗಸು ಮಗೂನ ಬಿಟ್ಟು ಹೋಗಿದ್ಳಾ?"

"ಆಗ ಜನ ಹತ್ತಿ ಬಿಡಿಸೋಕೆ ಉತ್ತರಕ್ಕೆ ಹೋಗ್ತಿದ್ರು. ದಾರೀಲಿ ನಮ್ಮೂರಲ್ಲಿ ನಾಲ್ಕು ದಿನ, ಹತ್ತು ದಿನ ಇರೋರು. ಬಟ್ಟೆ ಒಗೆಯೋರು, ಹೋಗೋರು. ಮಗು ಇರೋರೂ ಇದ್ರು, ಇಲ್ದೋರೂ ಇದ್ರು. ನಾನೇನು ಲೆಕ್ಕ ಇಟ್ಟಿದ್ನಾ? ಯಾಕೆ ಇದೆಲ್ಲ?"

ಹೇಳಿದೆ. ಎಲ್ಲ ಹೇಳಿದೆ. ಅವಳು ಬೆಂಕಿ ನೋಡುತ್ತ ಕೇಳಿದಳು. ಕೊನೆಗೆ, "ಮರದ ಸುದ್ದಿ ನಿಮ್ಮಮ್ಮ ಹೇಳಿರ್ತಾಳೆ. ಮೂರು ವಾರ ಕಣ್ಣು ಕಟ್ಕೊಂಡು ಅವಳು ಇನ್ನೇನು ಮಾಡಿರ್ತಾಳೆ? ನಿಮ್ಮಮ್ಮ ಸತ್ತವರ ಹತ್ರಾನೂ ಮಾತಾಡೋಳು" ಎಂದಳು.

ಇರಬಹುದು. ಹಾಗೆಯೇ ಇರಬಹುದು. ಆದರೆ ಇನ್ನೊಂದೂ ಇರಬಹುದಲ್ಲ? ನಲವತ್ತು ಊರುಗಳಲ್ಲಿ ನಮ್ಮದೂ ಒಂದು. ನಾಲ್ಕು ವರ್ಷದ ಮಗು ಆ ಮರದ ಕೆಳಗೆ ಕೂತಿದ್ದು, ನಾನು ಕಾಲುವೆ ಎಂದಾಗಲೆಲ್ಲ ನಿನ್ನೊಳಗೆ ಏನೋ ಅಲುಗಾಡಿ, ಅದಕ್ಕೇ ನೀನು 'ಆಮೇಲೆ, ಆಮೇಲೆ' ಎನ್ನುತ್ತಿದ್ದೆಯಾ? ಅಥವಾ ನನ್ನಿಂದ ಅರ್ಧ, ನನ್ನ ಅಮ್ಮನಿಂದ ಅರ್ಧ ತೆಗೆದುಕೊಂಡು ನಿನಗೊಂದು ಊರು ಕಟ್ಟಿಕೊಂಡೆಯಾ? ಎರಡನ್ನೂ ಒಂದರ ಪಕ್ಕ ಒಂದಿಟ್ಟು ನೋಡುತ್ತೇನೆ. ಎರಡೂ ನಿಜ ಅನ್ನಿಸುತ್ತವೆ. ಒಂದು ಹೊತ್ತಿನಲ್ಲಿ ಎರಡೂ ಹುಚ್ಚು ಅನ್ನಿಸುತ್ತವೆ. ಹೇಳಬಲ್ಲವರು ಮೂವರಿದ್ದರು. ನೀನು, ಅಮ್ಮ, ರುತೀಲಿಯೋ ಅವರ ಹೆಂಡತಿ. ಮೂವರೂ ಮಣ್ಣಿನ ಪಾಲು.

ಒಂದು ಮಾತ್ರ ಆಯಿತು. ಅವತ್ತು ಮಧ್ಯಾಹ್ನ ಅಮ್ಮನ ಗೋರಿಯ ಹತ್ತಿರ ಕಳೆ ಕೀಳುತ್ತ ಕೂತಿದ್ದಾಗ, 'ನನಗೂ ಒಂದು ದಿನ ಬೇಕಿತ್ತು' ಎನ್ನುವ ನಿನ್ನ ಮಾತು ಮತ್ತೆ ಕೇಳಿಸಿತು. ಈ ಸಲ ಅದು ಹಾಡುಗಾರ್ತಿಯ ಮಾತಾಗಿ ಕೇಳಿಸಲಿಲ್ಲ. ಟಿಕೆಟ್ ಪೆಟ್ಟಿಗೆಯ ಮೇಲೆ ಕೂತು ತೊರ್ತಿಯಾ ತರಲು ಹೋದವಳನ್ನು ಕಾಯುತ್ತಿರುವ ಮಗುವಿನ ಮಾತಾಗಿ ಕೇಳಿಸಿತು. ಎರಡನೆಯ ಸಲ ಅಮ್ಮನನ್ನು ಕಳೆದುಕೊಂಡವಳು, ಸುದ್ದಿಯನ್ನು ಒಂದು ದಿನ ಹೊರಗೇ ನಿಲ್ಲಿಸಿದೆಯೋ ಏನೋ. ನಾನು ಕ್ಷಮಿಸಿದೆ ಎಂದು ಬರೆಯುವುದಿಲ್ಲ. ಅವಳ ಮುಖ ಕೊನೆಯ ಸಲ ನೋಡುವುದು ನನ್ನ ಹಕ್ಕಾಗಿತ್ತು. ಆದರೆ ಸಿಟ್ಟನ್ನು ಎಲ್ಲಿಡಬೇಕೆಂದು ಈಗ ಗೊತ್ತಾಗುತ್ತಿಲ್ಲ. ಇಷ್ಟು ವರ್ಷ ಅದಕ್ಕೊಂದು ಜಾಗವಿತ್ತು.

ವಕೀಲರಿಗೆ ಫೋನ್ ಮಾಡಿ, "ಪಿಯೆದ್ರಾ ಮಾನ್ಸಾ" ಎಂದೆ.

"ಅಲ್ಲೇ ಹುಟ್ಟಿದ್ದು ಅಂತ ಖಾತ್ರಿನಾ?"

"ಇಲ್ಲ."

"ಉಯಿಲಿನಲ್ಲಿ ನಿಮಗೆ ಗೊತ್ತು ಅಂತ ಇದೆ. ಖಾತ್ರಿ ಬೇಕು ಅಂತ ಇಲ್ಲ. ಬರ್ಕೊಳ್ತೀನಿ" ಎಂದರು.

ಅಧ್ಯಕ್ಷ ಮೊಂತಾನೋ ಸುಮ್ಮನಾಗಲಿಲ್ಲ. "ಜಡೆ ಹೆಣೆಯೋರು ಕಥೇನೂ ಚೆನ್ನಾಗಿ ಹೆಣೀತೀರಿ" ಎಂದು ಫೋನಿನಲ್ಲಿ ಚುಚ್ಚಿದರು. ತೊಟ್ಟಿಲಿನಲ್ಲಿ ಈರುಳ್ಳಿ ಸಿಪ್ಪೆ ಇದ್ದರೆ ತೆಗೆಸಿ ಎಂದೆ. ಆಮೇಲೆ ಪಾಪ ಅನ್ನಿಸಿತು. ಪ್ರತಿಮೆ ಇರಲಿ, ಸಾನ್ ಹಾಸಿಂತೋದ ಜಮೀನ್ದಾರ ನಿನ್ನನ್ನು ಮಗಳೆಂದು ಒಪ್ಪಿದ್ದಂತೂ ನಿಜ, ಅದನ್ನು ಫಲಕದಲ್ಲಿ ಹಾಕಿಸಿ ಎಂದೆ. ಹಾಕಿಸಿದ್ದಾರಂತೆ.

ಊರಿನಲ್ಲಿ ಎದುರು ನಿಂತವಳು ದೊಡ್ಡಮ್ಮ. "ಟೆಲಿಗ್ರಾಂ ಬಚ್ಚಿಟ್ಟೋಳನ್ನ ನನ್ನ ತಂಗಿ ಪಕ್ಕ ಮಲಗಿಸ್ತೀಯೇನೇ?" ಎಂದಳು. ಗೊತ್ತಿಲ್ಲ ದೊಡ್ಡಮ್ಮ, ಅಮ್ಮ ಇದ್ದಿದ್ರೆ ಜಾಗ ಬಿಡ್ತಿದ್ಲು ಅನ್ಸುತ್ತೆ ಎಂದೆ. "ನಿಮ್ಮಮ್ಮ ಯಾರಿಗೆ ತಾನೇ ಜಾಗ ಬಿಟ್ಟಿಲ್ಲ" ಎಂದು ಗೊಣಗುತ್ತ ಒಳಗೆ ಹೋದಳು. ಎರಡು ದಿನ ನನ್ನ ಜೊತೆ ಮಾತಾಡಲಿಲ್ಲ. ಮೂರನೆಯ ದಿನ ಗುದ್ದಲಿ ಹಿಡಿದವನಿಗೆ, "ಇನ್ನೂ ಸ್ವಲ್ಪ ಹತ್ರ ತೋಡೋ, ನಡುವೆ ಕತ್ತೆ ಹೋಗುವಷ್ಟು ಜಾಗ ಬಿಟ್ಟಿದ್ದೀಯ" ಎಂದಳು.

ಜೂನ್ ಇಪ್ಪತ್ತರಂದು ನಿನ್ನನ್ನು ಇಟ್ಟೆವು. ಪತ್ರಿಕೆಯವರು ಮೂರೇ ಜನ. ಮಾರಿಯಾಚಿ ವಾದ್ಯದವರ ತಂಡದ ಬಸ್ಸು ಕೆಟ್ಟು ದಾರಿಯಲ್ಲೇ ನಿಂತಿತು. ಕಾಲುವೆಯ ಹೆಂಗಸರು ಕೈ ಒರೆಸಿಕೊಂಡು ಬಂದು ಹಾಡಿದರು. ಶ್ರುತಿ ಎಲ್ಲೋ, ಅವರೆಲ್ಲೋ. ಎರಡನೆಯ ಚರಣ ಮರೆತು ಮೊದಲನೆಯದನ್ನೇ ಎರಡು ಸಲ ಹಾಡಿದರು. ನೀನಿದ್ದಿದ್ದರೆ ಮುಖ ಕಿವುಚುತ್ತಿದ್ದೆ, ಆಮೇಲೆ ಅವರ ಜೊತೆ ಸೇರಿಕೊಳ್ಳುತ್ತಿದ್ದೆ.

ನಾನು ಇಲ್ಲೇ ಉಳಿದಿದ್ದೇನೆ. ರಾಜಧಾನಿಯಲ್ಲಿ ಬಾಚಲು ನನಗೆ ಇನ್ಯಾರ ತಲೆ ಇದೆ? ಭಾನುವಾರ ಎರಡು 'ಕಾಂದೇಲಾ ಬಸ್ಸು' ಬರುತ್ತವೆ. ಜನ ಹೂವಿಡುತ್ತಾರೆ, ಹಾಡುತ್ತಾರೆ, ದೊಡ್ಡಮ್ಮನ ರೊಟ್ಟಿ ತಿನ್ನುತ್ತಾರೆ. ಮೊದಲ ಭಾನುವಾರ ಯಾರೋ ಅವಳನ್ನು, 'ಅಜ್ಜಿ, ನಿಮಗೆ ಅವರು ಗೊತ್ತಿದ್ರಾ' ಎಂದು ಕೇಳಿದರು. ಅವಳು ತಲೆ ಎತ್ತದೆ, "ಗೊತ್ತಿಲ್ದೆ ಏನು, ಹುಟ್ಟಿದಾಗ ನೋಡಿದೀನಿ" ಎಂದಳು. ನಾನು ಬೆಚ್ಚಿಬಿದ್ದೆ. ಅವಳು ನನ್ನ ಕಡೆ ನೋಡಲಿಲ್ಲ.

ಅಲ್ಲಿಂದ ವಾರ ವಾರ ಬೆಳೆಯುತ್ತಿದೆ. ನೀನು ಮಂಗಳವಾರ ಹುಟ್ಟಿದ್ದು. ಸ್ಟೇಷನ್ನಿನ ಹಿಂದಿನ ಕಲ್ಲು ಮನೆಯಲ್ಲಿ. ಸೂಲಗಿತ್ತಿ ಬರುವುದು ತಡವಾಗಿ, ಹೊಕ್ಕುಳಬಳ್ಳಿ ಕತ್ತರಿಸಿದ್ದು ದೊಡ್ಡಮ್ಮನೇ. ಕಾಲು ಮೊದಲು ಬಂತು. ಹಾಗೆ ಹುಟ್ಟಿದವರು ಊರೂರು ಸುತ್ತುತ್ತಾರೆ ಎಂದು ಅವಳು ಆಗಲೇ ಹೇಳಿದ್ದಳಂತೆ. ಜನ ಬರೆದುಕೊಳ್ಳುತ್ತಾರೆ. ನಾನು ತಡೆಯಬೇಕು ಎಂದುಕೊಳ್ಳುತ್ತೇನೆ. ಇವಳಿಗೆ ಮೇ ತಿಂಗಳ ತನಕ ಏನೂ ಗೊತ್ತಿರಲಿಲ್ಲ ಎಂದು ಹೇಳಿಬಿಡಬೇಕು. ಅದೇ ಹೊತ್ತಿಗೆ, ಮರೆತದ್ದು ನಿಧಾನವಾಗಿ ನೆನಪಿಗೆ ಬರುತ್ತಿದೆಯೇನೋ, ಯಾರಿಗೆ ಗೊತ್ತು ಎಂದೂ ಅನ್ನಿಸುತ್ತದೆ. ಅವಳನ್ನು ಒಬ್ಬಳೇ ಇದ್ದಾಗ ಕೇಳೋಣವೆಂದರೆ, ನಿಜ ಯಾವುದೆಂದು ಕೇಳಲು ನನಗೇ ಧೈರ್ಯ ಬರುವುದಿಲ್ಲ.

ಮೊನ್ನೆ ಭಾನುವಾರ ಕೊನೆಯ ಬಸ್ಸು ಹೋದ ಮೇಲೆ ಇಬ್ಬರೂ ಪಾತ್ರೆ ತೊಳೆಯುತ್ತಿದ್ದೆವು. ಕೇಳಬಾರದು ಎಂದುಕೊಂಡೇ ಕೇಳಿದೆ. "ದೊಡ್ಡಮ್ಮ, ಹುಟ್ಟಿದ ತಕ್ಷಣ ಅತ್ತಳಾ?"

ಅವಳು ಕೈ ನಿಲ್ಲಿಸಿ ಯೋಚಿಸಿದಳು. ಸುಳ್ಳು ಹೇಳುವವರು ಅಷ್ಟು ಹೊತ್ತು ಯೋಚಿಸುವುದಿಲ್ಲ.

"ಇಲ್ಲ" ಎಂದಳು. "ಮೊದಲು ಸುತ್ತಲೂ ನೋಡಿದ್ಲು. ಯಾರ್ಯಾರು ಇದೀವಿ ಅಂತ. ಆಮೇಲೆ ಅತ್ಲು."

ಅಷ್ಟೇ ಬರೆಯಬೇಕಿತ್ತು ಕಾಂದೇಲಾ. ನಿನಗೆ ಯಾರೂ ಹೇಳಿರಲಿಲ್ಲವಲ್ಲ.

ನೀನಿರುವಲ್ಲಿ ಯಾರೂ ನಿನ್ನನ್ನು ಎಲ್ಲಿಯವಳೆಂದು ಕೇಳದಿರಲಿ. ಅಮ್ಮ ಸಿಕ್ಕಿದರೆ ಕೂದಲು ಅವಳ ಕೈಗೆ ಕೊಡು. ಅವಳ ಕೈ ನನ್ನದಕ್ಕಿಂತ ಮೃದು.

ನಿನ್ನ ತಲೆ ಬಾಚಿದವಳು,
ತೊಮಾಸಾ